ಗೋಷಾ ಆಸ್ಪತ್ರೆ

ನಮ್ಮ ರಾಜಾಜಿನಗರದಿಂದ ಶಿವಾಜಿನಗರದ ಬಸ್ಸು ಹಿಡಿದವರಿಗೆ ‘ಗೋಷಾ ಆಸ್ಪತ್ರೆ’ ಎಂಬ ಹೆಸರು ಹೊಸದಲ್ಲ. ಗೋಷಾ ಎಂದರೆ ಪಾರಸಿಯಲ್ಲಿ ಮೂಲೆ. ಅದರಿಂದ ಮರೆ, ಪರದೆ ಎಂಬರ್ಥ ಬಂದಿತು. ಪರಪುರುಷರ ಕಣ್ಣಿಗೆ ಬೀಳಲೊಲ್ಲದ ಹೆಂಗಸು ಹೆರಿಗೆಯ ಸಂಕಟದಲ್ಲಿಯೂ ವೈದ್ಯನ ಬಳಿಗೆ ಹೋಗುತ್ತಿರಲಿಲ್ಲ. ಎಷ್ಟು ಜೀವಗಳು ಹೀಗೆ ಬಾಗಿಲೊಳಗೇ ಆರಿಹೋದುವೋ! ಅಂಥವರಿಗಾಗಿ ದಂಡುಪ್ರದೇಶದಲ್ಲಿ ಈ ಆಸ್ಪತ್ರೆಯನ್ನು ಕಟ್ಟಿಸಿದವರು ಕಚ್ಛೀ ಮೇಮನ್ ವರ್ತಕರಾದ ಹಾಜಿ ಸರ್ ಇಸ್ಮಾಯಿಲ್ ಸೇಠರು (1859–1934).

ಮುಸಲ್ಮಾನರಲ್ಲಿ ಜಕಾತು ಕಡ್ಡಾಯ. ವರ್ಷವಿಡೀ ಕೈಯಲ್ಲುಳಿದ ಹಣ, ಬೆಳ್ಳಿಬಂಗಾರ, ವ್ಯಾಪಾರದ ಸರಕು ಗೊತ್ತಾದ ಮಿತಿಯನ್ನು ಮೀರಿದರೆ ನಲವತ್ತರಲ್ಲೊಂದು ಪಾಲು, ಅಂದರೆ ನೂರಕ್ಕೆ 2½, ಬಡವರೇ ಮೊದಲಾದ ಎಂಟು ಬಗೆಯವರಿಗೆ ಸಲ್ಲಬೇಕು. ಅದು ವ್ಯಕ್ತಿಯ ಕೈಗೇ ಸೇರಬೇಕೆಂಬುದು ಬಹುಮಂದಿ ಶಾಸ್ತ್ರಜ್ಞರ ಮತವಾದ್ದರಿಂದ ಕಟ್ಟಡಗಳಿಗೆ ಒದಗದು. ಅವಕ್ಕೆ ಬೇರೊಂದು ದಾನವುಂಟು: ಸದಕಾ ಜಾರಿಯಾ, ಎಂದರೆ ಹರಿಯುತ್ತಲೇ ಇರುವ ದಾನ. ಬಾವಿ, ಛತ್ರ, ಆಸ್ಪತ್ರೆಗಳು ಈ ಜಾತಿಯವು. ದಾನಿ ಸತ್ತರೂ ಪುಣ್ಯ ನಿಲ್ಲದು. ನಮ್ಮ ಧರ್ಮಶಾಸ್ತ್ರಗಳು ಹೇಳುವ ‘ಪೂರ್ತ’ ಇದರ ನೆರೆಮನೆಯದೇ ಎಂದು ಈ ಕನ್ನಡ ಮೇಷ್ಟರಿಗೆ ತೋರುತ್ತದೆ.

ಈಗ ಅದು ಸರ್ಕಾರದ ಆಸ್ಪತ್ರೆ. ಎಲ್ಲ ಮತದ ಬಸುರಿಯರೂ ಅಲ್ಲಿಗೆ ಹೋಗುತ್ತಾರೆ. ಸೇಠರ ಹೆಸರು ಮಾತ್ರ ‘ಎಚ್.ಎಸ್.ಐ.ಎಸ್.’ ಎಂಬ ನಾಲ್ಕಕ್ಷರಗಳಲ್ಲಿ ಗೋಷಾ ಹಾಕಿಕೊಂಡು ಕುಳಿತಿದೆ.