ಫ್ರೆಂಚ್ ಮೂಕಿ ಚಿತ್ರಗಳ ಅಜ್ಞಾತ ನಟರು

ಫ್ರಾನ್ಸಿನಲ್ಲಿ ಸಿನಿಮಾ ಹುಟ್ಟಿದಾಗ ಅದಕ್ಕೆ ನಟರೇ ಇರಲಿಲ್ಲ. 1895ರಲ್ಲಿ ಲೂಮಿಯೇರ್ ಸಹೋದರರು ತೆಗೆದ ಹಾಸ್ಯ ತುಣುಕಿನಲ್ಲಿ ಮುಖಕ್ಕೆ ನೀರು ಹಾರಿಸಿಕೊಂಡು ನಗಿಸಿದವನು ಅವರ ತೋಟದ ಮಾಲಿ ಫ್ರಾನ್ಸ್ವಾ ಕ್ಲೇರ್. ರಂಗಭೂಮಿಯ ಕಲಾವಿದರಿಗೆ ಕ್ಯಾಮೆರಾದ ಮುಂದೆ ನಿಲ್ಲುವುದು ಮರ್ಯಾದೆಗೆ ಕುಂದು. ಹಾಗಾಗಿ ಜಾರ್ಜ್ ಮೇಲಿಯೆಸ್ 1902ರ ತನ್ನ ಚಂದ್ರಯಾನದ ಚಿತ್ರಕ್ಕೆ ಗಾಯಕಿ ಬ್ಲ್ಯುಯೆಟ್ ಬೆರ್ನೋನಳನ್ನೂ ಚಂದ್ರವಾಸಿಗಳ ಪಾತ್ರಕ್ಕೆ ದೊಂಬರಾಟದವರನ್ನೂ ಕರೆತಂದ. 1896ರಲ್ಲೇ ಅವನ ಚಿತ್ರವೊಂದರಲ್ಲಿ ಕುರ್ಚಿಯಿಂದ ಮಾಯವಾಗಿದ್ದ ಜೆಹಾನ್ ದಾಲ್ಸಿ ಮುಂದೆ ಅವನನ್ನೇ ಮದುವೆಯಾದಳು. ಮೊಂಪಾರ್ನಾಸ್ ರೈಲು ನಿಲ್ದಾಣದ ಒಂದು ಆಟಿಕೆ ಅಂಗಡಿಯಲ್ಲಿ ಇಬ್ಬರೂ ಕೂತು ವ್ಯಾಪಾರ ಮಾಡಿದರು.

ಪಾಥೆ ಚಿತ್ರ ಕಂಪನಿ ಕಳ್ಳ ನಕಲು ತಡೆಯಲು ಸೆಟ್ಟಿನ ಗೋಡೆಗೆ ತನ್ನ ಹುಂಜದ ಗುರುತು ಅಂಟಿಸುತ್ತಿತ್ತು. ನಟರ ಹೆಸರು ಮಾತ್ರ ಎಲ್ಲೂ ಕಾಣುತ್ತಿರಲಿಲ್ಲ.

ಇದರ ಫಲವನ್ನು ಹೆಚ್ಚು ಉಂಡವರು ಹಾಸ್ಯ ಸರಣಿಗಳ ನಟರು. ಲ ಆವ್ರ್ ಬಂದರಿನಲ್ಲಿ ಹುಟ್ಟಿದ ಆಂದ್ರೆ ಡೀಡ್ 1906ರಿಂದ ಪಾಥೆಯಲ್ಲಿ 'ಬ್ವಾರೋ' ಆಗಿ ಮೆರೆದ. ನಂತರ ಇಟಲಿಯ ಟ್ಯೂರಿನ್‌ಗೆ ಹೋಗಿ 'ಕ್ರೆತಿನೆತ್ತಿ'ಯಾದ. ಆ ಚಿತ್ರಗಳು ಫ್ರಾನ್ಸಿಗೆ ಬಂದಾಗ ಅವನ ಹೆಸರು 'ಗ್ರಿಬೂಯ್'. ಪಾಥೆಗೆ ಮರಳಿದಾಗ ಗ್ರಿಬೂಯ್ ಮತ್ತೆ ಬ್ವಾರೋ ಆದನೆಂದು ಸಾರುವುದಕ್ಕೇ ಒಂದು ಚಿತ್ರ ತೆಗೆಯಬೇಕಾಯಿತು! ಷಾರ್ಲ್ ಪ್ರ್ಯಾಂಸ್‌ನ ಕಥೆಯೂ ಹಾಗೆಯೇ: ತವರಿನಲ್ಲಿ ರಿಗಾದ್ಯಾಂ, ಜರ್ಮನಿಯಲ್ಲಿ ಮೊರಿಟ್ಸ್, ಇಂಗ್ಲೆಂಡಿನಲ್ಲಿ ವಿಫಲ್ಸ್. ಜನ ಗುರುತಿಸಿದ್ದು ಪಾತ್ರವನ್ನು. ಹೆಸರು ಕಂಪನಿಯ ಸ್ವತ್ತು. ಹಾಸ್ಯನಟ ಮ್ಯಾಕ್ಸ್ ಲಿಂಡರ್‌ನ ಹೆಸರು ಉಳಿದದ್ದಕ್ಕೆ ಅವನ ಪ್ರತಿಭೆಯಷ್ಟೇ, ಪರದೆಯ ಮೇಲೂ ಅವನು 'ಮ್ಯಾಕ್ಸ್' ಆಗಿಯೇ ಇದ್ದದ್ದೂ ಕಾರಣವಿರಬೇಕು.

ಹೆಂಗಸರ ಪಾಡು ಇನ್ನೂ ಕಷ್ಟದ್ದು. ದಢೂತಿ ದೇಹವನ್ನೇ ಹಾಸ್ಯದ ಅಸ್ತ್ರವಾಗಿಸಿಕೊಂಡ ಸಾರಾ ದ್ಯುಹಾಮೆಲ್ ಪಾಥೆಯಲ್ಲಿ ರೊಸಾಲಿ, ಎಕ್ಲೇರ್ ಕಂಪನಿಗೆ ಹೋದಾಗ ಪೆತ್ರೊನಿಲ್. ಮನೆಗೆ ನೀರು ನುಗ್ಗಿಸಿ, ಬೀದಿಯಲ್ಲಿ ದಾಂಧಲೆ ಎಬ್ಬಿಸುತ್ತಿದ್ದ ಪಾಥೆಯ ತುಂಟಿ ಲೆಯೊಂತಿನ್ ಪಾತ್ರ ಮಾಡಿದವಳು ಯಾರೆಂಬುದು ಬಹುಕಾಲ ಸಂಶೋಧಕರಿಗೂ ತಿಳಿಯಲಿಲ್ಲ. ಇಂದು ನೋಡಿದರೂ ಆ ಚಿತ್ರಗಳು ಬೆಚ್ಚಿ ಬೀಳಿಸುವಷ್ಟು ಉದ್ಧಟವಾಗಿವೆ.

ಮಕ್ಕಳನ್ನೂ ಕಂಪನಿಗಳು ಬಿಡಲಿಲ್ಲ. ಗೋಮೊಂ ಕಂಪನಿಗಾಗಿ ಲೂಯಿ ಫೊಯಾದ್ 1910ರಲ್ಲಿ 'ಬೆಬೆ' ಸರಣಿ ಆರಂಭಿಸಿದಾಗ ಅದರ ನಾಯಕನಿಗೆ ಐದು ವರ್ಷ. ಎರಡು ವರ್ಷದ ಬಳಿಕ, ಬೆಬೆ ಒಬ್ಬ ತಮ್ಮನನ್ನು ದತ್ತು ತೆಗೆದುಕೊಳ್ಳುವ ಚಿತ್ರ ಬಂತು. ಆ 'ತಮ್ಮ' ರೆನೆ ಪೊಯೆನ್ 'ಬೂ ದ ಜಾನ್' ಎಂಬ ಹೆಸರಿನಲ್ಲಿ ಅಣ್ಣನ ಜಾಗ ಹಿಡಿದ. ಜಾಗ ಕಳೆದುಕೊಂಡ ಹುಡುಗ ಮುಂದೆ ರೆನೆ ದಾರಿ ಎಂಬ ಹೆಸರಿನಲ್ಲಿ ವಾಕ್ಚಿತ್ರಗಳಿಗೆ ಬಂದು, 1954ರಲ್ಲಿ ಜಾಕ್ ಬೆಕೆರ್‌ನ ಅಪರಾಧಕಥೆಯ ಚಿತ್ರದಲ್ಲಿ ಜಾನ್ ಗಬ್ಯಾಂನ ಗೆಳೆಯನಾಗಿ ನಟಿಸಿದ.