ತಲೆಯಿಂದ ಇಳಿದ ಡಬ್ಬ

ಹಳೆಯ ಪಟ್ಟಣಗಳ ಬಹಳಷ್ಟು ಮನೆಗಳ ಹಿಂದೆ ಒಬ್ಬಾಳು ನಡೆಯುವಷ್ಟು ಕಿರಿದಾದ ಗಲ್ಲಿಯೊಂದು ಇರುತ್ತಿತ್ತು. ಬೆಂಗಳೂರಿನಲ್ಲಿ ಅದರ ಹೆಸರು ಕನ್ಸರ್ವೆನ್ಸಿ ಗಲ್ಲಿ. ಕಕ್ಕಸಿನ ಪುಟ್ಟ ಕಿಂಡಿ ತೆರೆಯುತ್ತಿದ್ದುದು ಈ ಗಲ್ಲಿಗೆ. ಬೆಳಕು ಹರಿಯುವ ಮುನ್ನ ಬರುವ ಜಾಡಮಾಲಿ ಆ ಕಿಂಡಿಯಿಂದ ಮಲವನ್ನು ಬಳಿದು ಡಬ್ಬಕ್ಕೆ ತುಂಬಿ, ತಲೆಯ ಮೇಲೆ ಹೊತ್ತು ಸಾಗಿಸಬೇಕಿತ್ತು. ಮಳೆಗಾಲದಲ್ಲಿ ಡಬ್ಬದಿಂದ ಸೋರಿದ್ದು ಹೆಗಲಿಗಿಳಿಯುತ್ತಿತ್ತು. ಮನೆಯವರು ಆತನ ಮುಖ ನೋಡುವ ಪ್ರಸಂಗವೇ ಬರುತ್ತಿರಲಿಲ್ಲ.

1950ರಲ್ಲಿ ಜಾರಿಗೆ ಬಂದ ಸಂವಿಧಾನದ ಪ್ರಸ್ತಾವನೆಯಲ್ಲೇ ವ್ಯಕ್ತಿಗೌರವದ ಮಾತಿದೆ. 17ನೇ ವಿಧಿ ಅಸ್ಪೃಶ್ಯತೆಯನ್ನು ರದ್ದುಗೊಳಿಸಿತು. ಆದರೂ ಡಬ್ಬ ತಲೆಯಿಂದ ಇಳಿಯಲಿಲ್ಲ. ಪುರಸಭೆಗಳ ಪಾಲಿಗೆ ಅದು ಊರಿನ ನೈರ್ಮಲ್ಯದ ಪ್ರಶ್ನೆಯಾಗಿತ್ತೇ ಹೊರತು ಹೊರುವವನ ಮಾನದ ಪ್ರಶ್ನೆಯಾಗಿರಲಿಲ್ಲ.

ಕರ್ನಾಟಕದಲ್ಲಿ ಅದನ್ನು ಮಾನದ ಪ್ರಶ್ನೆಯಾಗಿ ಕಂಡವರು ದಲಿತ ನಾಯಕ ಬಿ. ಬಸವಲಿಂಗಪ್ಪ. 1972ರಲ್ಲಿ ಅಧಿಕಾರಕ್ಕೆ ಬಂದ ದೇವರಾಜ ಅರಸು ಸರ್ಕಾರದಲ್ಲಿ ಪೌರಾಡಳಿತ ಸಚಿವರಾಗಿದ್ದ ಅವರು ತಲೆಯ ಮೇಲೆ ಮಲ ಹೊರುವುದನ್ನು ನಿಷೇಧಿಸಿದರು. 1973ರಲ್ಲಿ ಕನ್ನಡ ಸಾಹಿತ್ಯದ ಬಹುಪಾಲು ಬೂಸಾ ಎಂದದ್ದಕ್ಕೆ ಗಲಭೆಯೆದ್ದು ಅವರು ರಾಜೀನಾಮೆ ನೀಡಬೇಕಾಯಿತು. ಜನರ ನೆನಪಿನಲ್ಲಿ ಉಳಿದದ್ದು ಬೂಸಾ. ಡಬ್ಬ ಇಳಿಸಿದ ಆದೇಶವನ್ನು ನೆನೆಯುವವರು ವಿರಳ.

ಒಣ ಕಕ್ಕಸುಗಳನ್ನೂ ಮಲಹೊರುವ ಕೆಲಸವನ್ನೂ ನಿಷೇಧಿಸುವ ಕೇಂದ್ರ ಕಾಯ್ದೆ ಬಂದದ್ದು 1993ರಲ್ಲಿ. ಅದಕ್ಕಾಗಿ ನಿರ್ಣಯ ಮಾಡಿದ ಆರು ರಾಜ್ಯಗಳಲ್ಲಿ ಕರ್ನಾಟಕವೂ ಒಂದು. ಒಂದು ವರ್ಷದವರೆಗೆ ಸೆರೆ ಅಥವಾ 2,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಆದರೆ ಮೊಕದ್ದಮೆ ಹೂಡುವ ಅಧಿಕಾರ ಸರ್ಕಾರಿ ಅಧಿಕಾರಿಗಳಿಗಿತ್ತು. ಎಷ್ಟೋ ಕಡೆ ಒಣ ಕಕ್ಕಸುಗಳ ಒಡೆತನ ಪುರಸಭೆಗಳದ್ದೇ ಆಗಿರುವಾಗ ಯಾರು ಯಾರ ಮೇಲೆ ದೂರು ಕೊಡಬೇಕು?

2010ರ ಜುಲೈನಲ್ಲಿ ಹಾವೇರಿ ಜಿಲ್ಲೆಯ ಸವಣೂರಿನಲ್ಲಿ ಭಂಗಿ ಸಮುದಾಯದವರು ಪುರಸಭೆಯ ಮುಂದೆ ಮೈಮೇಲೆ ಮಲ ಸುರಿದುಕೊಂಡರು. ದಶಕಗಳಿಂದ ವಾಸವಿದ್ದ ಜಾಗದಿಂದ ತಮ್ಮನ್ನು ಎಬ್ಬಿಸಲು ಹೊರಟಿದ್ದಕ್ಕೆ ಅದು ಅವರ ಪ್ರತಿಭಟನೆ. ಊರು ತಮ್ಮಿಂದ ಏನನ್ನು ಹೊರಿಸಿತ್ತೋ ಅದನ್ನೇ ಊರಿನ ಕಣ್ಣೆದುರಿಗೆ ತಂದರು.

2013ರ ಹೊಸ ಕಾಯ್ದೆ ಈ ಸಮುದಾಯಗಳಿಗಾದ ಚಾರಿತ್ರಿಕ ಅನ್ಯಾಯ, ಅವಮಾನಗಳನ್ನು ಹೆಸರಿಟ್ಟು ಒಪ್ಪಿಕೊಂಡಿತು. ರಕ್ಷಣಾ ಸಾಧನಗಳಿಲ್ಲದೆ ಒಳಚರಂಡಿಗೆ ಆಳನ್ನು ಇಳಿಸುವುದನ್ನೂ ಅಪರಾಧವಾಗಿಸಿತು. ಅಷ್ಟರಲ್ಲಿ ಡಬ್ಬದ ಜಾಗಕ್ಕೆ ಮ್ಯಾನ್‌ಹೋಲ್ ಬಂದಿತ್ತು. ಅಲ್ಲಿ ಸತ್ತವರ ಕುಟುಂಬಕ್ಕೆ 10 ಲಕ್ಷ ರೂಪಾಯಿ ಪರಿಹಾರ ಕೊಡಬೇಕೆಂದು 2014ರಲ್ಲಿ ಹೇಳಿದ ಸುಪ್ರೀಂ ಕೋರ್ಟ್, 2023ರ ಅಕ್ಟೋಬರ್‌ನಲ್ಲಿ ಆ ಮೊತ್ತವನ್ನು 30 ಲಕ್ಷಕ್ಕೆ ಏರಿಸಿತು.