ನ್ಯಾಯಾಂಗ ನಿಂದನೆ (ಸಿವಿಲ್): ವಿಜಯಪುರ ಜಿಲ್ಲೆಯ ತಾಲ್ಲೂಕುಗಳಲ್ಲಿ

ನ್ಯಾಯಾಲಯದ ತೀರ್ಪು, ಡಿಕ್ರಿ, ಆದೇಶ ಅಥವಾ ರಿಟ್ಟನ್ನು, ಇಲ್ಲವೇ ಕೋರ್ಟಿಗೆ ಬರೆದುಕೊಟ್ಟ ಮುಚ್ಚಳಿಕೆಯನ್ನು ಬೇಕೆಂದೇ ಮೀರುವುದು ಸಿವಿಲ್ ನ್ಯಾಯಾಂಗ ನಿಂದನೆ. ಆದೇಶ ಜಾರಿಯಾಗಿಲ್ಲ ಎಂದಷ್ಟೇ ತೋರಿಸಿದರೆ ಸಾಲದು. ಬೇಕೆಂದೇ ಪಾಲಿಸದೆ ಬಿಟ್ಟರು ಎಂಬುದು ಸಾಬೀತಾಗಬೇಕು. 1971ರ ನ್ಯಾಯಾಂಗ ನಿಂದನೆ ಕಾಯ್ದೆಯಡಿ ಗರಿಷ್ಠ ಶಿಕ್ಷೆ ಆರು ತಿಂಗಳ ಸಾದಾ ಸೆರೆವಾಸ, 2,000 ರೂಪಾಯಿ ದಂಡ ಅಥವಾ ಎರಡೂ. ದಂಡದ ಮೊತ್ತ ಇಂದಿಗೂ ಅಷ್ಟೇ ಇದೆ.

ಇಂಡಿ, ಸಿಂದಗಿ, ಮುದ್ದೇಬಿಹಾಳ ಮತ್ತು ಬಸವನ ಬಾಗೇವಾಡಿಯ ಕಕ್ಷಿದಾರರು ಇಂಥ ಅರ್ಜಿ ಹಾಕುವುದು ಹೈಕೋರ್ಟಿನ ಕಲಬುರಗಿ ಪೀಠದಲ್ಲಿ. 2008ರಲ್ಲಿ ಸಂಚಾರಿ ಪೀಠ ಆರಂಭವಾಗುವ ಮೊದಲು ಅವರು ಬೆಂಗಳೂರಿಗೇ ಹೋಗಬೇಕಿತ್ತು. 2013ರಲ್ಲಿ ಪೀಠ ಕಾಯಂ ಆಯಿತು. ತಾಲ್ಲೂಕು ಕೋರ್ಟುಗಳಿಗೆ ಈ ಕಾಯ್ದೆಯಡಿ ಶಿಕ್ಷೆ ವಿಧಿಸುವ ಅಧಿಕಾರವಿಲ್ಲ. ಹಾಗೆಂದು ಅವು ಕೈಕಟ್ಟಿ ಕೂರಬೇಕಿಲ್ಲ. ಹೊಲದ ಬದುವಿನ ಜಗಳದಲ್ಲಿ ಕೊಟ್ಟ ತಾತ್ಕಾಲಿಕ ತಡೆಯಾಜ್ಞೆಯನ್ನು ಮೀರಿದವನ ಆಸ್ತಿ ಜಪ್ತಿ ಮಾಡಲು, ಅವನನ್ನು ಮೂರು ತಿಂಗಳವರೆಗೆ ಸಿವಿಲ್ ಸೆರೆಯಲ್ಲಿಡಲು ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದ 2ಎ ನಿಯಮ ಅವಕಾಶ ಕೊಡುತ್ತದೆ.

ಕೃಷ್ಣಾ ಮೇಲ್ದಂಡೆ ಯೋಜನೆಯ ಅಣೆಕಟ್ಟು, ಕಾಲುವೆಗಳಿಗೆ ಜಮೀನು ಬಿಟ್ಟುಕೊಟ್ಟ ಈ ಭಾಗದಲ್ಲಿ ಪರಿಹಾರದ ವ್ಯಾಜ್ಯ ಹೊಸದಲ್ಲ. ಕೋರ್ಟು ಹೆಚ್ಚಿಸಿದ ಪರಿಹಾರದ ಹಣ ಬಾರದಿದ್ದರೆ ಸರಿಯಾದ ದಾರಿ ಅಮಲ್ಜಾರಿ ಅರ್ಜಿಯೇ ಹೊರತು ನಿಂದನೆಯಲ್ಲ. ಸರ್ಕಾರದ ವಿರುದ್ಧದ ಡಿಕ್ರಿ ಮೂರು ತಿಂಗಳಾದರೂ ತೀರದಿದ್ದರೆ ಅಮಲ್ಜಾರಿ ಶುರುವಾಗುತ್ತದೆ; ಕಚೇರಿಯ ಜೀಪು, ಕುರ್ಚಿ, ಕಂಪ್ಯೂಟರ್ ಜಪ್ತಿಗೆ ಅಮೀನರು ಬರುವುದು ಆಗಲೇ. ಹಣ ವಸೂಲಿಗೆ ನಿಂದನೆಯನ್ನು ಬಳಸಲು ಮೇಲಿನ ಕೋರ್ಟುಗಳು ಸಾಮಾನ್ಯವಾಗಿ ಒಪ್ಪುವುದಿಲ್ಲ.

ನಿಂದನೆ ಅರ್ಜಿಗೆ ನಿಜವಾದ ಬಲ ಬರುವುದು ಆದೇಶದ ಮಾತುಗಳಿಂದ. ‘ಬಡ್ತಿ ಕೊಡಿ’ ಎಂಬ ಆದೇಶಕ್ಕೂ ‘ಮನವಿಯನ್ನು ಎಂಟು ವಾರಗಳಲ್ಲಿ ಪರಿಗಣಿಸಿ’ ಎಂಬ ಆದೇಶಕ್ಕೂ ಅಜಗಜಾಂತರ. ಎರಡನೆಯದರಲ್ಲಿ ಅಧಿಕಾರಿ ಮನವಿಯನ್ನು ತಿರಸ್ಕರಿಸಿ ಹಿಂಬರಹ ಕೊಟ್ಟರೂ ಪಾಲನೆಯಾದಂತೆಯೇ. ಆ ನಿರ್ಧಾರ ತಪ್ಪಿದ್ದರೂ ಅದನ್ನು ಹೊಸದಾಗಿ ಪ್ರಶ್ನಿಸಬೇಕು ಎಂದು ಸುಪ್ರೀಂ ಕೋರ್ಟ್ 1996ರಲ್ಲಿ ಜೆ.ಎಸ್. ಪರಿಹಾರ್ ಪ್ರಕರಣದಲ್ಲಿ ಹೇಳಿತು. ಗೆದ್ದು ಬಂದವರು ಮತ್ತೆ ಮೊದಲ ಮೆಟ್ಟಿಲಲ್ಲಿ ನಿಲ್ಲುವುದು ಹೀಗೆ.

ಜೈಲಿನವರೆಗೆ ಹೋದ ಪ್ರಕರಣಗಳು ವಿರಳ. ನೋಟಿಸ್ ತಲುಪಿದ ಮೇಲೆ ಕಡತ ಓಡತೊಡಗುತ್ತದೆ, ಪಾಲನಾ ಪ್ರಮಾಣಪತ್ರ ಸಲ್ಲಿಕೆಯಾಗುತ್ತದೆ, ಪ್ರಕರಣ ಮುಗಿಯುತ್ತದೆ. ಇದಕ್ಕೆ ಅಪವಾದ 1995ರದು: ಬೆಂಗಳೂರು ಮಹಾನಗರ ಪಾಲಿಕೆಯ ಎಂಜಿನಿಯರೊಬ್ಬರ ಬಡ್ತಿಯ ಆದೇಶ ಪಾಲಿಸದ್ದಕ್ಕೆ ಕರ್ನಾಟಕದ ಹಿರಿಯ ಐಎಎಸ್ ಅಧಿಕಾರಿ ಜೆ. ವಾಸುದೇವನ್ ಅವರಿಗೆ ಸುಪ್ರೀಂ ಕೋರ್ಟ್ ಒಂದು ತಿಂಗಳ ಸೆರೆವಾಸ ವಿಧಿಸಿತು. 2002ರ ಕಾವೇರಿ ವಿವಾದದ ನಿಂದನೆ ಪ್ರಕರಣದಲ್ಲಿ ಆಗಿನ ಮುಖ್ಯಮಂತ್ರಿ ಎಸ್.ಎಂ. ಕೃಷ್ಣ ಸುಪ್ರೀಂ ಕೋರ್ಟಿನ ಬೇಷರತ್ ಕ್ಷಮೆ ಕೇಳಿದರು.

ನಿಂದನೆ ನಡೆಯಿತೆನ್ನಲಾದ ದಿನದಿಂದ ಒಂದು ವರ್ಷದೊಳಗೆ ಕೋರ್ಟಿನ ಮೊರೆ ಹೋಗಬೇಕು. ಶಿಕ್ಷೆಯಾದರೆ ಮೇಲ್ಮನವಿಗೆ ಅವಕಾಶವಿದೆ. ಶಿಕ್ಷಿಸದೆ ಅರ್ಜಿ ವಜಾ ಮಾಡಿದರೆ ಅರ್ಜಿದಾರರಿಗೆ ಕಾಯ್ದೆಯ 19ನೇ ಕಲಮಿನಡಿ ಮೇಲ್ಮನವಿಯ ಹಕ್ಕಿಲ್ಲ.